ಚಾಡಿ ಹೇಳದ ಬಿಲ್ಲೆ

"ಸೊನ್ನೆ" ಎಂದ ಗುಮಾಸ್ತ, ಕಡತದಿಂದ ತಲೆಯೆತ್ತದೆ. "ಹನ್ನೊಂದು ವರ್ಷ, ಪ್ರತಿ ತಿಂಗಳೂ ಸೊನ್ನೆ. ನಿಮ್ಮ ಯಜಮಾನರ ಮೈಗೆ ವಿಕಿರಣ ಸೋಕೇ ಇಲ್ಲಮ್ಮ. ಕಾಯಿಲೆ ಸ್ಥಾವರದಿಂದ ಬಂತು ಅಂತ ಹೇಗೆ ಬರೆದುಕೊಡಲಿ? ಬರೆದುಕೊಡದೆ ನಮ್ಮ ಆಸ್ಪತ್ರೇಲಿ ಸೇರಿಸ್ಕೊಳ್ಳಲ್ಲ."

"ಒಳಗೆ ಕೊಳವೆ ಉಜ್ಜುತ್ತಿದ್ದದ್ದು ಅವರೇ ಅಲ್ವಾ ಸ್ವಾಮಿ?"

"ಉಜ್ಜಿರಬಹುದು. ಬಿಲ್ಲೆ ಹೇಳಬೇಕಲ್ಲ."

ಎದೆಗೆ ಸಿಕ್ಕಿಸಿಕೊಳ್ಳುವ ಆ ಬಿಲ್ಲೆಗೆ ಅಣುಸ್ಥಾವರದ ಗುತ್ತಿಗೆಯಾಳುಗಳು ಇಟ್ಟ ಹೆಸರು ಚಾಡಿಕೋರ. ಮೈಗೆ ತಾಗಿದ ವಿಕಿರಣವನ್ನೆಲ್ಲ ಅದು ತಿಂಗಳ ಕೊನೆಗೆ ಮೇಲಿನವರ ಕಿವಿಗೆ ಹಾಕುತ್ತಿತ್ತು. ಮಿತಿ ದಾಟಿದವನಿಗೆ ಆ ವರ್ಷ ಕೆಲಸವಿಲ್ಲ. "ಚಾಡಿಕೋರನನ್ನ ಮನೇಲಿ ಮಲಗಿಸಿ ಬನ್ರಪ್ಪ" ಎಂದು ಮೇಸ್ತ್ರಿಯೇ ನಗುತ್ತಿದ್ದ. ಗಂಡ ಹೊರಡುವಾಗ ಅದನ್ನು ಅವಳ ಅಂಗೈಯಲ್ಲಿಡುತ್ತಿದ್ದ. "ಜೋಪಾನ ಕಣೇ, ನಮ್ಮ ಅನ್ನ ಇದರ ಬಾಯಲ್ಲಿದೆ." ಅವಳು ಸಕ್ಕರೆ ಡಬ್ಬಿಯ ಹಿಂದೆ ಇಡುತ್ತಿದ್ದಳು. ಅಷ್ಟು ವರ್ಷ ಕಾದು ಸಾಕಿದ್ದು ಈ ಸೊನ್ನೆಯನ್ನು.

"ಬಿಲ್ಲೆ ಮನೇಲಿರ್ತಿತ್ತು ಸ್ವಾಮಿ. ನಾನೇ ಇಡ್ತಿದ್ದೆ."

ಗುಮಾಸ್ತ ಈಗ ತಲೆಯೆತ್ತಿದ. "ಇದನ್ನ ಬೇರೆ ಯಾರಾದ್ರೂ ಬಂದು ಹೇಳ್ತಾರಾ?"

ಸಾಲುಮನೆಗಳಲ್ಲಿ ಅವಳಿಗೆ ಸಲಿಗೆಯಿದ್ದದ್ದು ಪಕ್ಕದ ಮನೆಯ ಅಕ್ಕನೊಬ್ಬಳ ಜೊತೆ ಮಾತ್ರ. ಅಕ್ಕನ ಗಂಡನೂ ಅದೇ ತಂಡದವನು. ಬಾಗಿಲಲ್ಲಿ ನಿಂತಾಗಲೇ ಕಂಡಿತು: ಕನ್ನಡಿಯ ಪಕ್ಕದ ಮೊಳೆಯಲ್ಲಿ ಬಿಲ್ಲೆ ನೇತಾಡುತ್ತಿತ್ತು. ಅವನು ಕೆಲಸಕ್ಕೆ ಹೋಗಿದ್ದ.

"ನಾನು ಬಂದು ಹೌದು ಅಂದ್ರೆ ನಾಳೆಯಿಂದ ನಮ್ಮೋರು ಮನೇಲಿ ಕೂರ್ತಾರೆ" ಎಂದಳು ಅಕ್ಕ.

"ಬರಬೇಡ ಬಿಡಕ್ಕ. ಆ ಬಿಲ್ಲೆನಾದ್ರೂ ಅವರ ಎದೆ ಮೇಲೆ ಹಾಕಿ ಕಳಿಸು."

"ಹನ್ನೊಂದು ವರ್ಷ ನೀನು ಕಳಿಸಿದ್ಯಾ?"

ಬೈಗುಳವೇನಲ್ಲ, ಬರೀ ಕೇಳಿದ್ದು. ಆಮೇಲೆ ಅಕ್ಕ ಬಾಗಿಲನ್ನು ಸದ್ದಾಗದಂತೆ ಮುಂದಕ್ಕೆ ಹಾಕಿದಳು. ಮಧ್ಯಾಹ್ನದ ಪಾಳಿಯವರನ್ನು ತುಂಬಿಕೊಂಡ ಬಸ್ಸು ಬೀದಿ ದಾಟಿತು. ಕಿಟಕಿಯಿಂದ ಯಾರೂ ಅವಳಿಗೆ ಕೈಯೆತ್ತಲಿಲ್ಲ.

ಮನೆಯಲ್ಲಿ ಗಂಡ ಗೋಡೆಗೆ ಒರಗಿ ಕೂತಿದ್ದ. "ಏನಂದ್ರು?"

"ನೀವು ಗುಂಡುಕಲ್ಲಿನ ಹಾಗಿದ್ದೀರಂತೆ."

ಅವನು ನಕ್ಕ, ನಗು ಅರ್ಧಕ್ಕೇ ಕೆಮ್ಮಾಯಿತು. "ನೋಡಿದ್ಯಾ, ನಮ್ಮ ಚಾಡಿಕೋರ ಕೊನೇವರೆಗೂ ಬಾಯಿ ಬಿಡಲಿಲ್ಲ."

ಚಹಾಕ್ಕೆಂದು ಅವಳು ಸಕ್ಕರೆ ಡಬ್ಬಿ ಎತ್ತಿದಳು. ಹೊಗೆಗೆ ಕಪ್ಪಾದ ಹಲಗೆಯ ಮೇಲೆ, ಡಬ್ಬಿಯ ಹಿಂದೆ, ಬಿಲ್ಲೆಯಷ್ಟು ಜಾಗದಲ್ಲಿ ಮಾತ್ರ ಬಣ್ಣ ಹೊಸದರಂತೆ ಉಳಿದಿತ್ತು. ಒಂದು ಚಮಚ ಸಕ್ಕರೆ ಹಾಕಿ, ಡಬ್ಬಿಯನ್ನು ಅದರ ಮೇಲೆ ಇಟ್ಟಳು.