ಏಳು ಪ್ರತಿಗಳಲ್ಲಿ ಒಂದು

ಗ್ರಂಥಾಲಯದಲ್ಲಿ ಇಪ್ಪತ್ತೆರಡು ವರ್ಷ ಪುಸ್ತಕ ಜೋಡಿಸಿದವಳು ನಾನು. ಬೇಡದ ಎರಡನೇ ಪ್ರತಿ ಕಂಡರೆ ಕೈ ತುರಿಸುತ್ತದೆ. ಅಣ್ಣ ನನಗೆ ತದ್ವಿರುದ್ಧ. ಕೊಂಡ ವಿಡಿಯೋ ಗೇಮುಗಳನ್ನೆಲ್ಲ, ಸೀಡಿಗೆ ಗೀರು ಬಿದ್ದು ಹಾಳಾದಾವೆಂದು, ಒಂದು ಹಾರ್ಡ್ ಡಿಸ್ಕಿಗೆ ನಕಲು ಮಾಡಿಟ್ಟಿದ್ದ. ಎಲ್ಲ ಚೆಲ್ಲಾಪಿಲ್ಲಿ.

ಅವನು ತೀರಿಕೊಂಡು ಮೂರು ತಿಂಗಳಾದ ಮೇಲೆ ಅತ್ತಿಗೆ ಅದನ್ನು ತಂದುಕೊಟ್ಟರು. "ನಂಗೆ ಇದರ ತಲೆಬುಡ ಗೊತ್ತಾಗಲ್ಲ. ಒಂಚೂರು ಜೋಡಿಸಿಕೊಡು. ಏನೂ ಕಳೆದುಹೋಗಬಾರದು, ಅಷ್ಟೆ."

"ನನ್ನ ಕೈಲಿ ಇವತ್ತಿನವರೆಗೆ ಒಂದು ಹಾಳೆ ಕಳೆದಿಲ್ಲ ಅತ್ತಿಗೆ," ಎಂದೆ. ಜಂಬ.

ಎರಡು ಭಾನುವಾರ ಕೂತೆ. ಆಟ ಆಡುವ ಒಂದೊಂದು ಕನ್ಸೋಲಿಗೂ ಒಂದು ಫೋಲ್ಡರ್, ಒಳಗೆ ಅಕಾರಾದಿ. ಹಳ್ಳಿ ಕಟ್ಟುವ ಆಟವೊಂದರ ಏಳು ಪ್ರತಿ ಸಿಕ್ಕವು, ಒಂದರಿಂದ ಏಳರವರೆಗೆ ನಂಬರು ಹಾಕಿದ್ದವು. ಹೋದಮೇಲೂ ನನ್ನ ಕೈಲೇ ಕಸ ಹೊಡೆಸುತ್ತೀಯಲ್ಲಣ್ಣ ಎಂದು ಗೊಣಗುತ್ತ, ಮೊದಲನೆಯದನ್ನು ಉಳಿಸಿ ಆರನ್ನು ಅಳಿಸಿದೆ. ಎಲ್ಲವನ್ನೂ ಹೊಸ ಡಿಸ್ಕಿಗೆ ಹಾಕಿ, ಹಳೆಯದನ್ನು ಒರೆಸಿ ಅದಕ್ಕೂ ಅದನ್ನೇ ತುಂಬಿದೆ. ಒಂದು ಕೆಟ್ಟರೆ ಇನ್ನೊಂದಿರಲಿ ಅಂತ.

ಅತ್ತಿಗೆ ಡಿಸ್ಕನ್ನು ಟಿವಿಗೆ ಜೋಡಿಸಿ ಪಟ್ಟಿಯನ್ನು ಮೇಲೆ ಕೆಳಗೆ ಮಾಡಿದರು. "ಎರಡರಿಂದ ಏಳು ಎಲ್ಲಿ?"

"ಅವೆಲ್ಲ ಒಂದೇ ಆಟ. ತೆಗೆದುಬಿಟ್ಟೆ."

ಗಂಟಲ ಆಪರೇಷನ್ನಿನಲ್ಲಿ ಅಣ್ಣನ ದನಿ ಹೋಗಿತ್ತು. ನಮಗೆಲ್ಲ ಚೀಟಿ ಬರೆದು ತೋರಿಸುತ್ತಿದ್ದ. ಅತ್ತಿಗೆಯ ಜೊತೆ ಮಾತ್ರ ಆ ಆಟದೊಳಗೆ ಮಾತಾಡುತ್ತಿದ್ದನಂತೆ. ಆಟದ ಹಳ್ಳಿಯಲ್ಲಿ ಫಲಕ ನೆಟ್ಟು ಬರೆಯಬಹುದು; ಬರೆದದ್ದು ಆ ಪ್ರತಿಯಲ್ಲೇ ಉಳಿಯುತ್ತದೆ. ನೀನೂ ಬರಿ, ನಾನೊಬ್ಬನೇ ಬರೆದರೆ ಮೂಗನಾಗಿಬಿಡ್ತೀನಿ ಎಂದು ಹಟ ಹಿಡಿದು ಅವರ ಕೈಲೂ ಬರೆಸಿದ್ದ. ಜಗಳ, ತಮಾಷೆ, ಆಸ್ಪತ್ರೆಯ ಭಯ, ಎಲ್ಲ. ಒಂದು ಹಳ್ಳಿಯಲ್ಲಿ ಜಾಗ ಮುಗಿದರೆ ಹೊಸ ಪ್ರತಿ. ಹನ್ನೊಂದು ತಿಂಗಳ ಮಾತು ಅದು.

ಹಳೆಯ ಡಿಸ್ಕ್ ಹಿಡಿದು ರಿಪೇರಿ ಅಂಗಡಿಗೆ ಓಡಿದೆ. "ಇದ್ದಿದ್ದರ ಮೇಲೇ ಬರೆದುಬಿಟ್ಟಿದ್ದೀರಲ್ಲ ಮೇಡಂ, ಇನ್ನೇನೂ ಸಿಗಲ್ಲ," ಎಂದ ಅಂಗಡಿಯವನು.

ವಾಪಸ್ ಬಂದು ಹೇಳಿದೆ. ಅತ್ತಿಗೆ ಬೈಯಲಿಲ್ಲ. ಬೈದಿದ್ದರೆ ಹೇಗೋ ತಡೆದುಕೊಳ್ಳುತ್ತಿದ್ದೆ. ಉಳಿದ ಒಂದನ್ನು ತೆರೆದರು. "ಇದು ಬರೀ ಬಂಡೆ ಅಂತ ಒಂದೇ ದಿನಕ್ಕೆ ಬಿಟ್ಟಿದ್ವಿ."

ಬಂಡೆಗಳ ನಡುವೆ ಒಂದೇ ಒಂದು ಫಲಕವಿತ್ತು. ಅಣ್ಣ ಬರೆದ ಮೊದಲನೆಯದು: "ಕೇಳಿಸ್ತಿದೆಯಾ?"

"ಅವತ್ತು ನಕ್ಕು ಬಾಯಲ್ಲೇ ಹೂಂ ಅಂದಿದ್ದೆ," ಎಂದರು ಅತ್ತಿಗೆ.

ಪಕ್ಕದಲ್ಲಿ ಇನ್ನೊಂದು ಫಲಕ ನೆಟ್ಟು, ಒಂದೊಂದೇ ಅಕ್ಷರ ಹುಡುಕಿ ಒತ್ತಿದರು. "ಕೇಳಿಸ್ತಿದೆ, ಹೇಳಿ."

ಆಮೇಲೆ ಕಂಟ್ರೋಲರನ್ನು ತೊಡೆಯ ಮೇಲಿಟ್ಟುಕೊಂಡು, ಟಿವಿ ನೋಡುತ್ತ ಕಾಯತೊಡಗಿದರು.