ಅಸ್ತು ಅನ್ನುವ ಹೊತ್ತು

ರೇಡಿಯೋ ಸ್ಟುಡಿಯೋದ ಕೆಂಪು ದೀಪ ಹತ್ತಿತು, ಇನ್ನು ಕೆಮ್ಮಿದರೂ ಮೈಸೂರೆಲ್ಲ ಕೇಳುತ್ತದೆ, ಮೈಕಿನ ಆಚೆ ನಾಟಕ ಆಡಿಸುವ ಬಿಂದುಮಾಧವ ಗಂಟಲನ್ನು ಬಾವಿಗಿಳಿಸಿ ಹೇಳುತ್ತಿದ್ದಾನೆ, ಕೇಳುಗರೇ, ಇದು ಆಕಾಶದಾಚೆ — ವಾರಕ್ಕೊಂದು ನಾಟಕ, ವಾರಕ್ಕೊಂದು ಗ್ರಹ, ಹೋದ ವಾರ ನಾನು ಹಸಿರು ರಕ್ತದ ರಾಣಿ, ಬುಧವಾರ ಮಕ್ಕಳಿಗೆಂದು ಹೊಸದಾಗಿ ತೆಗೆದ ಪುಟಾಣಿ ಆಕಾಶದಾಚೆಯಲ್ಲಿ ಮಾತಾಡುವ ಯಂತ್ರ, ಇವತ್ತು ಬರೀ ತಾಯಿ, ಮಗ ರಾಕೆಟ್ಟು ಹತ್ತಿ ಹೋದವನು ಬರುವುದಿಲ್ಲ. ಹಾಳೆ ಸದ್ದಾಗಬಾರದು, ಓದಿದ್ದನ್ನು ಒಂದೊಂದಾಗಿ ಜಮಖಾನದ ಮೇಲೆ ಜಾರಿಸಬೇಕು, ಏಳನೆಯ ಹಾಳೆಯ ಕೊನೆಗೆ ಆ ಮಾತು, ಶ್ರೀಕಂಠ ಇನ್ನಿಲ್ಲ — ನನ್ನ ಸ್ವಂತ ಮಗನ ಹೆಸರು. ಆಷಾಢದಲ್ಲಿ ಮೊದಲ ಸಲ ಓದಿಸುವಾಗ ಬಿಂದುಮಾಧವ ಅಂದ, ರಮಾಮಣಿಯವರೇ, ಬರೀ ಮಗ ಮಗ ಅಂದ್ರೆ ಅಳು ಬರಲ್ಲ ಕಣ್ರೀ, ನಿಮ್ಮ ಹುಡುಗನ ಹೆಸರೇ ಹಾಕ್ಬುಡೋಣ, ನಾನು ನಕ್ಕು ಹೂಂ ಅಂದೆ, ಆಗ ಯುದ್ಧ ಎಲ್ಲಿತ್ತು, ಶ್ರೀಕಂಠ ಗಡಿಯಿಂದ ಬರೆಯುತ್ತಿದ್ದ, ಚಳಿ ಕಣಮ್ಮ, ಹುಳಿಪುಡಿ ಕಳಿಸು ಅಂತ. ಈಗ ಕಾರ್ತಿಕ, ಯುದ್ಧ ಶುರುವಾಗಿದೆ, ಇಪ್ಪತ್ತೆರಡು ದಿನದಿಂದ ಕಾಗದವಿಲ್ಲ.

ಮೂರನೆಯ ಹಾಳೆ ಜಾರಿತು, ಅಗ್ರಹಾರದ ಮನೆಯಲ್ಲಿ ಅತ್ತೆ ದೀಪ ಹಚ್ಚಿರುತ್ತಾರೆ, ಅವರದು ದಿನಾ ಒಂದೇ ಮಾತು, ಮುಸ್ಸಂಜೇಲಿ ಕೆಟ್ಟದ್ದು ಆಡಬೇಡ ಕಣೆ, ಅಸ್ತು ದೇವತೆಗಳು ಓಡಾಡ್ತಿರ್ತಾರೆ, ಅಸ್ತು ಅಂದ್ಬುಟ್ರೆ ಹಾಗೇ ಆಗಿಹೋಗತ್ತೆ — ರಾಣಿಯಾಗಿ ಗ್ರಹಗಳನ್ನೇ ಸುಟ್ಟವಳು ಇದನ್ನು ನಂಬುತ್ತೇನೆಯೇ, ನಂಬುತ್ತೇನೆ. ಬೆಳಿಗ್ಗೆಯೇ ಹೆಸರು ಬದಲಿಸಿ ಅನ್ನಬೇಕಿತ್ತು, ವಿಜ್ಞಾನದ ನಾಟಕದಲ್ಲಿ ಎಂಥ ಪುಕ್ಕಲು ಅಂತ ನಗುತ್ತಾರೆ, ಮಾನಕ್ಕೆ ಅಂಜಿ ಬಾಯಿ ಮುಚ್ಚಿಕೊಂಡೆ. ಮೂಲೆಯಲ್ಲಿ ಸದ್ದು ಮಾಡುವ ಲಿಂಗಯ್ಯ ತಗಡು ಹಿಡಿದು ನಿಂತಿದ್ದಾನೆ, ನನ್ನ ಮಾತು ಮುಗಿದೊಡನೆ ಅಲ್ಲಾಡಿಸಬೇಕು, ರಾಕೆಟ್ಟು ಸಿಡಿದ ಹಾಗೆ. ಗೇಟಿನ ಹತ್ತಿರ ಸಿಕ್ಕಿ ಕೇಳಿದ್ದ, ಅಮ್ಮಾವ್ರೇ, ಕಾಗ್ದ ಬಂತಾ, ನಮ್ಮ ಹುಡುಗ ಸಿದ್ದರಾಜೂನೂ ಬರ್ದಿಲ್ಲ, ಇಬ್ರೂ ಒಂದೇ ತುಕಡೀಲವ್ರೆ, ನಿಮ್ಮ ಹುಡುಗನ್ ಜೊತೇಲವ್ನೆ ಅಂತ ನಂಗೆ ಧೈರ್ಯ.

ಆರು, ಏಳು, ಧ್ವನಿ ನಡುಗುತ್ತಿದೆ, ಗಾಜಿನಾಚೆಯ ಕೋಣೆಯಲ್ಲಿ ಯಂತ್ರದ ಮುಂದೆ ಕೂತವರು ಭಲೇ ಅಂತ ತಲೆದೂಗುತ್ತಿದ್ದಾರೆ, ಅಭಿನಯ ಅಂದುಕೊಂಡಿದ್ದಾರೆ, ಕೊನೆಯ ಸಾಲು, ಶ್ರೀಕಂಠ — ಇಲ್ಲ, ಆಡಲಾರೆ, ಬೇರೆ ಹೆಸರು, ಯಾವುದಾದರೂ, ಸಾವಿರ ಹೆಸರಿವೆ ಈ ಊರಿನಲ್ಲಿ, ಒಂದೂ ಬರುತ್ತಿಲ್ಲ, ಮೈಕು ಕಾಯುತ್ತಿದೆ, ಊರು ಕಾಯುತ್ತಿದೆ, ಬಾಯಿ ತೆರೆದೆ, ಸಿದ್ದರಾಜು ಇನ್ನಿಲ್ಲ. ನಾನೇ ಅಂದೆ, ಎದೆ ಹಗುರಾಯಿತು, ಹಗುರಾದದ್ದು ನಿಜ, ಆಮೇಲೆ ತಲೆ ಎತ್ತಿದೆ. ಗಾಜಿನಾಚೆಯಿಂದ ಸನ್ನೆ, ತಗಡು, ತಗಡು, ಲಿಂಗಯ್ಯ ಅಲ್ಲಾಡಿಸುತ್ತಿಲ್ಲ, ನನ್ನನ್ನೇ ನೋಡುತ್ತಿದ್ದಾನೆ, ಎರಡು ಕೈಯಲ್ಲಿ ಎತ್ತಿ ಹಿಡಿದ ತಗಡು, ಸದ್ದಿಲ್ಲ, ತಗಡು