ಹೊಳ್ಳಿ ಹರಿದ ಕಾಲುವೆ

ಶಹಾಪುರದ ಬಸ್ ನಿಲ್ದಾಣದ ಎದುರಿಗೇ ಉಸ್ಮಾನಸಾಬರ ವಿಡಿಯೊ ಅಂಗಡಿ. ಮದುವೆ, ಸೀಮಂತಗಳನ್ನು ಅವರೇ ಚಿತ್ರೀಕರಿಸುತ್ತಿದ್ದರು. ಬೇಕಾದ ತುಣುಕುಗಳನ್ನು ಆರಿಸಿ ಜೋಡಿಸುವುದಕ್ಕೆ ಮಾತ್ರ ಕ್ಯಾಸೆಟ್ಟುಗಳು ಗುಲಬರ್ಗಾಕ್ಕೆ ಹೋಗುತ್ತಿದ್ದವು. ಬಿ.ಎ. ಮುಗಿಸಿ ಅದೇ ಅಂಗಡಿಯಲ್ಲಿ ಗಿರಾಕಿಗಳ ಹೆಸರು ಬರೆದುಕೊಳ್ಳುತ್ತಿದ್ದ ಮೋನಮ್ಮ, ಎರಡು ವಿಸಿಆರ್‌ಗಳ ನಡುವೆ ವೈರು ಸಿಕ್ಕಿಸಿ, ಒಂದರಲ್ಲಿ ಓಡಿಸಿ ಇನ್ನೊಂದರಲ್ಲಿ ಬೇಕಾದಷ್ಟನ್ನೇ ಇಳಿಸಿಕೊಳ್ಳುವುದನ್ನು ಯಾರೂ ಹೇಳಿಕೊಡದೆ ಕಲಿತಿದ್ದಳು. ಮಾತು ಕಡಿಮೆ. ಆದರೆ ಒಂದು ಚಿತ್ರದ ಪಕ್ಕಕ್ಕೆ ಇನ್ನೊಂದನ್ನಿಟ್ಟರೆ ಎರಡರಲ್ಲೂ ಇಲ್ಲದ್ದೇನೋ ಹುಟ್ಟುತ್ತದಲ್ಲ, ಅದು ಹೇಗೆ ಎಂಬುದು ಅವಳ ತಲೆಯಿಂದ ಇಳಿಯುತ್ತಲೇ ಇರಲಿಲ್ಲ.

“ದೇವಾಪುರದ್ದು ನೀ ಜೋಡಸು ಬೇಟಿ,” ಅಂದಿದ್ದರು ಉಸ್ಮಾನಸಾಬರು. “ಆ ಮಂದಿ ಒಪ್ಪಿದ್ರ ಈ ಕುರ್ಚಿ ನಿಂದು. ಇಲ್ಲಂದ್ರ ಮತ್ತ ಗುಲಬರ್ಗಾಕ್ಕ ಕಳಸೂದು.”

ದೇವಾಪುರದ ಹೊಲಗಳಿಗೆ ಕಾಲುವೆ ನೀರು ಮೊದಲ ಸಲ ಬಂದ ದಿನದ ಕ್ಯಾಸೆಟ್ ಅದು. ಹೆಂಗಸರು ದಂಡೆಯಲ್ಲಿ ಕೂತು, ಹಸಿರು ಕುಬಸ, ಅಕ್ಕಿ, ಉತ್ತತ್ತಿ, ಅರಿಶಿನಕೊಂಬು ನೀರಿಗೆ ಬಿಟ್ಟು ಗಂಗವ್ವನಿಗೆ ಉಡಿ ತುಂಬಿದ್ದರು. ಎರಡು ತಾಸಿನದನ್ನು ಮೋನಮ್ಮ ಇಪ್ಪತ್ತು ನಿಮಿಷಕ್ಕೆ ಇಳಿಸಿದಳು.

ನೋಡಲು ಬಂದವಳು ಉಡಿ ತುಂಬಿದ ಹಿರಿಯಳು, ತಿಮ್ಮವ್ವ. “ನನ್ನ ಮೂಗು ಇಷ್ಟು ದಪ್ಪ ಅದ ಏನು?” ಎಂದು ನಕ್ಕಳು. ಉಡಿ ನೀರಿಗೆ ಬಿದ್ದು ಮುಂದಿನ ಚಿತ್ರ ಬಂದದ್ದೇ ತಡ, ನಗು ಹೋಯಿತು.

“ನಿಂದ್ರಸು ತಂಗಿ. ಇದನ್ನ ನಾ ಊರಾಗ ತೋರ್ಸಂಗಿಲ್ಲ.”

“ಯಾಕ್ರಿ ಯವ್ವಾ?”

“ಉಡಿ ಹಾಕೂತನಕ ನೀರು ಹಿಂಗ ಹೊಂಟಾವ.” ಬಲಗೈ ಚಾಚಿದಳು. “ಹಾಕಿದ ಮ್ಯಾಲ ಹಿಂಗ.” ಎಡಗೈ ಚಾಚಿದಳು. “ನಿಮ್ಮ ಉಡಿ ಒಲ್ಲೆ ಅಂತ ಗಂಗವ್ವ ಹೊಳ್ಳಿ ಹೋದಂಗ ಆಗ್ಯಾದ. ನಾವು ಕಾಲುವಿ ಕಟ್ಟಕಡೀ ಊರವ್ರು. ಮ್ಯಾಲಿನೂರವ್ರು ನೋಡಿದ್ರ ಹಲ್ಲು ಕಿಸೀತಾರ.”

ಮೋನಮ್ಮನ ಕಿವಿ ಬಿಸಿಯಾಯಿತು. ಸಂತೆಯ ದಿನದವರೆಗೆ ಸಮಯ ಕೇಳಿಕೊಂಡಳು.

ತಿಮ್ಮವ್ವ ಹೋದಮೇಲೆ ನಾಚಿಕೆಯ ಜಾಗಕ್ಕೆ ಕುತೂಹಲ ಬಂದು ಕೂತಿತು. ನೀರು ತಿರುಗಿದ್ದು ಎಲ್ಲಿ? ಹಾಳೆಯ ಮೇಲೆ ಕಾಲುವೆ ಬರೆದು, ಕ್ಯಾಮೆರಾ ಅಂತ ಒಂದು ಬೆಂಕಿಕಡ್ಡಿ ಇಟ್ಟಳು. ಕಡ್ಡಿಯ ಕಡೆಯಿಂದ ನೋಡಿದರೆ ನೀರು ಬಲಕ್ಕೆ. ಕಡ್ಡಿಯನ್ನು ಆಚೆ ದಂಡೆಗಿಟ್ಟು ತಾನೂ ಮೇಜು ಸುತ್ತಿ ಆಚೆ ಹೋಗಿ ನಿಂತಳು. ಎಡಕ್ಕೆ. ಉಡಿ ತುಂಬಿದ ಮೇಲೆ ಉಸ್ಮಾನಸಾಬರು ಸೇತುವೆ ದಾಟಿದ್ದರು, ಅಷ್ಟೆ. ಆದರೆ ಆಚೆ ದಂಡೆಯಿಂದ ತೆಗೆದದ್ದನ್ನೆಲ್ಲ ಬಿಟ್ಟರೆ ನೀರು ಹೊಲಕ್ಕೆ ನುಗ್ಗುವ ಚಿತ್ರವೇ ಇರುವುದಿಲ್ಲ.

ಮೂಲ ಕ್ಯಾಸೆಟ್ಟನ್ನು ಮತ್ತೆ ಮೊದಲಿನಿಂದ ನೋಡಿದಳು. ಕೆಲಸಕ್ಕೆ ಬಾರದ್ದೆಂದು ತಾನೇ ಬಿಟ್ಟಿದ್ದ ಒಂದು ತುಣುಕು ಸಿಕ್ಕಿತು. ಸಾಬರು ಕ್ಯಾಮೆರಾ ಬಂದ್ ಮಾಡಲು ಮರೆತು ಹಾಗೇ ನಡೆದಿದ್ದರು: ಸೇತುವೆಯ ಕಲ್ಲು, ಒಂದು ಹರಕು ಚಪ್ಪಲಿ, ಕಾಲ ಕೆಳಗಿನಿಂದ ಹೊರಬಂದು ದೂರ ಹೋಗುವ ನೀರು.

ಸಂತೆಯ ದಿನ ತಿಮ್ಮವ್ವ ಕೂರಲೂ ಇಲ್ಲ. ಪರದೆಯ ಮೇಲೆ ಉಡಿ ನೀರಿಗೆ ಬಿತ್ತು. ಚಪ್ಪಲಿ ಟಪ್ ಟಪ್ ಎಂದು ನಡೆಯಿತು. ಆಚೆ ದಂಡೆ ಬಂತು. ಅವಳ ಕೈ ಎದ್ದಿತು, ಚಾಚಿಕೊಳ್ಳಲಿಲ್ಲ; ನಿಂತಲ್ಲೇ ಮೈ ಒಂದಿಷ್ಟು ಹೊರಳಿತು.

“ಹಾಂ, ಇಲ್ಲಿ ನಾವ್ ಪುಲ್ ದಾಟೇವಿ. ನೀರು ತಮ್ಮ ಹಾದಿ ಬಿಟ್ಟಿಲ್ಲ.” ಕ್ಯಾಸೆಟ್ಟನ್ನು ಚೀಲಕ್ಕೆ ಹಾಕಿಕೊಂಡಳು. “ಆದ್ರ ಆ ಹರಕ ಚಪ್ಪಲಿ ಯಾವ ಪುಣ್ಯಾತ್ಮಂದು?”

ಉಸ್ಮಾನಸಾಬರು ಕಾಲನ್ನು ಕುರ್ಚಿಯ ಕೆಳಗೆ ಎಳೆದುಕೊಂಡರು. ಅವಳು ಹೋದಮೇಲೆ, “ಗುಲಬರ್ಗಾದವ್ರು ಇದನ್ನ ಕತ್ತರಿಸಿ ಒಗೀತಿದ್ರು,” ಅಂದರು.

“ಅದಿಲ್ಲಂದ್ರ ನೀರು ಹೊಳ್ಳತಾವ ಚಾಚಾ.”

ಸಾಬರು ಗುಲಬರ್ಗಾದ ವಿಳಾಸ ಬರೆದಿಟ್ಟಿದ್ದ ಕೊಂಕಲ್ ಊರಿನ ಮದುವೆ ಕ್ಯಾಸೆಟ್ಟುಗಳ ಕಟ್ಟಿನಿಂದ ಚೀಟಿ ಕಿತ್ತು, ಕಟ್ಟನ್ನು ಅವಳ ಮುಂದಿಟ್ಟರು.

ಮೋನಮ್ಮ ವಧೂವರರನ್ನು ಹುಡುಕಲಿಲ್ಲ. ಚಾಚಾ ಎಲ್ಲೆಲ್ಲಿ ಬಂದ್ ಮಾಡಲು ಮರೆತಿದ್ದಾರೆಂದು ಮೊದಲು ನೋಡತೊಡಗಿದಳು.